ಕೇಳದೆ ಕಾಪಾಡಿದವನು

"ಯಾರು ನೀವು? ನನ್ನ ಗಂಡ ಎಲ್ಲಿ?"

ಕುರುಗೋಡು ಗುಡ್ಡದ ಸಂದಿಯಿಂದ ಹೊರಬಂದ ಖೈರುನ್ನೀಸಾ ಸೆರಗು ಎಳೆದುಕೊಂಡು ಹಿಂದೆ ಸರಿದಳು. ಎದುರಿಗೆ ಬಂಡೆಗೆ ಒರಗಿ ಕೂತವನ ಕೆನ್ನೆ ಗುಳಿಬಿದ್ದಿತ್ತು. ಗಡ್ಡದಲ್ಲಿ ನರೆ. ಅಂಗಿಯೊಳಗಿಂದ ಎಲುಬು ಕಾಣುತ್ತಿತ್ತು.

ಆದರೆ ಆ ಕಣ್ಣು...

"ಖೈರೂ," ಎಂದ ಅವನು. "ನಾನು. ಜಿಲಾನಿ."

ಬೆಳಿಗ್ಗೆ ತಾನೇ ಇವನ ಕೈ ಹಿಡಿದು ಗುಡ್ಡ ಹತ್ತಿದ್ದಳು. ಆಗ ಈ ಕಲ್ಲು ಒಡೆಯುವವನ ತೋಳು ತುಂಬಿಕೊಂಡಿತ್ತು, ಗಡ್ಡ ಕಪ್ಪಗಿತ್ತು. 'ಬಿಸಿಲು ಭಾಳ ಐತಿ. ಈ ಸಂದಿಯಾಗ ತಂಪಿಗೆ ಕುಂತು ಒಂದು ಸಲ ತಸ್ಬಿ ಮಣಿ ತಿರುಗಿಸು, ಅಷ್ಟರಾಗ ನೀರು ತರ್ತೀನಿ' ಎಂದು ಹೇಳಿ ಹೋಗಿದ್ದ.

ಕೂತಿದ್ದಳು. ಒಳಗೆ ಮೈ ಯಾಕೋ ಭಾರವಾಗಿತ್ತು... ಕಾಲಿಗೆ ತಾಗಿದ ಹರಳು ಉರುಳುವ ಬದಲು ಪಕ್ಕದ ಗೋಡೆ ಹತ್ತಿ ಅಲ್ಲೇ ಅಂಟಿಕೊಂಡಿತ್ತು. ಸಂದಿಯ ಬಾಯಲ್ಲಿ ಬೆಳಕು ಹೋಗಿ ಬಂದು, ಹೋಗಿ ಬಂದು ಮಾಡುತ್ತಿತ್ತು. ಹಸಿವಿಗೆ ಕಣ್ಣು ಕತ್ತಲಿಡುತ್ತಿದೆ ಎಂದುಕೊಂಡಿದ್ದಳು.

ಈಗ ಗುಡ್ಡದ ಕೆಳಗೆ ನೋಡಿದಳು. ಬೆಳಿಗ್ಗೆ ಬೂದಿಯಂತಿದ್ದ ಎರೆಹೊಲಗಳಲ್ಲಿ ಜೋಳ ಎದೆಮಟ್ಟ ನಿಂತಿತ್ತು.

"ಏನಾಗೇತಿ? ಖರೇ ಹೇಳ್ರಿ."

ಜಿಲಾನಿ ತಲೆ ತಗ್ಗಿಸಿಯೇ ಹೇಳಿದ. ಕಲ್ಲು ಸೀಳುವಾಗ ಆ ಸಂದಿಯ ಗೋಡೆಯಲ್ಲಿ ಸಾಸಿವೆಗಿಂತ ಚಿಕ್ಕದಾದ ಕಪ್ಪು ಕಣವೊಂದು ಅವನ ಕಣ್ಣಿಗೆ ಬಿದ್ದಿತ್ತು. ಸುತ್ತಲಿನದನ್ನೆಲ್ಲ ಅದು ತನ್ನತ್ತ ಜಗ್ಗುತ್ತಿತ್ತು. ಅದಕ್ಕೇ ಜಗ್ಗುಕಾಳು ಎಂದು ಹೆಸರಿಟ್ಟ. ಅದು ಕಾಲವನ್ನೂ ಜಗ್ಗಿ ಹಿಡಿಯುತ್ತದೆ ಎಂದು ತಿಳಿದದ್ದು ಆಮೇಲೆ. ಒಮ್ಮೆ ನಾಲ್ಕು ಉಸಿರಿನ ಹೊತ್ತು ಒಳಗಿದ್ದು ಹೊರಬಂದರೆ, ಜೊತೆಗಾರರು ಅವನು ಸತ್ತನೆಂದು ಹುಡುಕುವುದನ್ನೇ ಬಿಟ್ಟಿದ್ದರು.

"ಒಳಗ ಒಂದು ತಸ್ಬಿ ತಿರುಗೋದ್ರಾಗ ಹೊರಗ ಎರಡು ವರ್ಷ. ಧಾತು ಸಂವತ್ಸರದ ಬರ ಮುಗೀತು, ಖೈರೂ. ಮಳಿ ಬಂತು."

"ನಿಮಗ ಗೊತ್ತಿತ್ತು."

"ಗೊತ್ತಿತ್ತು."

"ಗೊತ್ತಿದ್ದೂ ನೀರು ತರ್ತೀನಿ ಅಂದ್ರಿ."

ಖೈರುನ್ನೀಸಾಗೆ ಸಿರುಗುಪ್ಪದಲ್ಲಿ ಜ್ವರ ಹಿಡಿದು ಮಲಗಿದ್ದ ತಾಯಿ ನೆನಪಾದಳು. ಕುರುಗೋಡಿನಲ್ಲಿ ಜೋಳ ಸಿಗುತ್ತದಂತೆ, ತಂದು ಗಂಜಿ ಕಾಸಿ ಕೊಡ್ತೀನಿ ಎಂದು ಹೇಳಿ ಬಂದಿದ್ದಳು. ಆ ಜೋಳದ ಮಾತನ್ನು ಹೇಳಿದವನೂ ಜಿಲಾನಿಯೇ.

"ಅಮ್ಮಿ?"

"ಮೊದಲನೇ ಚಳಿಗಾಲದಾಗ..."

ಅವಳು ಅಳಲಿಲ್ಲ. "ನಮ್ಮಮ್ಮಿ ಸಾಯೋವಾಗ ನಾ ತಂಪಿನಾಗ ಕುಂತಿದ್ದೆ," ಎಂದಳು. "ಆಕಿ ಬಾಯಿಗೆ ಒಂದು ಹನಿ ನೀರು ಬಿಡಾಕ ನಾ ಇರಲಿಲ್ಲ."

"ಅಮ್ಮೀನೇ ಹೇಳಿದ್ದಳು. ಸಂದಿಯಾಗ ಒಬ್ಬರಿಗಷ್ಟೇ ಜಾಗ. ನನ್ನ ಮಗಳನ್ನ ಉಳಿಸು ಅಂತ..."

"ನೀವಿಬ್ಬರೂ ಮಾತಾಡಿಕೊಂಡ್ರಿ. ನನ್ನ ಯಾರು ಕೇಳಿದ್ರಿ?"

ಉತ್ತರಕ್ಕೆ ಕಾಯದೆ ಗುಡ್ಡ ಇಳಿದಳು.

ಸಿರುಗುಪ್ಪದ ಕಡೆ ಹೊರಟಿದ್ದ ಎತ್ತಿನ ಬಂಡಿಯವನೊಬ್ಬ ಹತ್ತಿಸಿಕೊಂಡ. ಅವಳು ಮುಂದೆ ಕೂತಳು. ಏದುಸಿರು ಬಿಡುತ್ತ ಬಂದ ಜಿಲಾನಿ ಹಿಂಬದಿಯಲ್ಲಿ ಕೂತ. ದಾರಿಯುದ್ದಕ್ಕೂ ಎಷ್ಟೋ ಪಾಳುಮನೆಗಳಿಗೆ ಬಾಗಿಲೇ ಇರಲಿಲ್ಲ; ಬರದಲ್ಲಿ ಕಿತ್ತು ಮಾರಿದ್ದರು.

'ಕೈ ಹಿಡಿದವನೇ ಹಿಂಗ ಮಾಡಿದ... ಇನ್ನು ಯಾರನ್ನ ನಂಬಲಿ?'

ತವರುಮನೆಯ ಮಾಳಿಗೆ ಒಂದು ಕಡೆ ಕುಸಿದಿತ್ತು. ಪಕ್ಕದ ಮನೆಯ ಸುಂಕಮ್ಮ ಓಡಿಬಂದು ಅವಳ ಮುಖವನ್ನು ಎರಡೂ ಕೈಯಲ್ಲಿ ಹಿಡಿದುಕೊಂಡಳು.

"ಬದುಕೀದಿ. ಗುಡ್ಡದಾಗ ಅದಾಳ ಅಂತ ನಿಮ್ಮಮ್ಮ ಹೇಳಿದಾಗ ನಾ ನಂಬಿರಲಿಲ್ಲ."

"ಅಮ್ಮಿ ನನ್ನ ಕೇಳ್ತಿದ್ದಳೇನು, ಸುಂಕಕ್ಕ?"

"ದಿನಾ. ಜಿಲಾನಿ ಆಗಾಗ ಗುಡ್ಡಕ್ಕ ಹೋಗಿ ಬರ್ತಿದ್ದ. ಇದ್ದಂಗೇ ಕುಂತಾಳ, ಮುಖ ಒಂಚೂರೂ ಬಾಡಿಲ್ಲ ಅಂತ ಅವ ಹೇಳಿದಮ್ಯಾಲ ನಿದ್ದಿ ಮಾಡ್ತಿದ್ದಳು. ಆಕೀನ ಬೆನ್ನ ಮ್ಯಾಲ ಹೊತ್ಕೊಂಡು ಬಳ್ಳಾರಿಗೆ ಒಯ್ದ, ಸರಕಾರದವರು ಗಂಜಿ ಕೊಡೋ ಜಾಗಕ್ಕ. ತನ್ನ ಪಾಲೂ ಆಕೀಗೇ ಕುಡಿಸಿದ. ನಮ್ಮ ಮನ್ಯಾಗೇ ಸಾಯ್ತೀನಿ ಅಂದಳು, ಮತ್ತ ಹೊತ್ಕೊಂಡು ಬಂದ. ನೀರು ಬಿಟ್ಟವನೂ ಅವನೇ."

"ಆದರೂ ನನಗ ಹೇಳಬೇಕಾಗಿತ್ತು."

"ಹೇಳಿದ್ದರ ಆ ಸಂದಿಯಾಗ ಹೋಗ್ತಿದ್ದೇನು?"

"ಇಲ್ಲ."

ಸುಂಕಮ್ಮ ಅವಳ ಪಕ್ಕ ಕೂತಳು. "ನನ್ನ ಎರಡು ಕೂಸು ಹೋದವು, ಖೈರೂ. ಯಾರಾದರೂ ನನಗ ಮೋಸ ಮಾಡಿ ಅವನ್ನ ಅಡಗಿಸಿ ಇಟ್ಟಿದ್ದರ ಅವರ ಕಾಲು ತೊಳೀತಿದ್ದೆ. ಆದರ ಸಿಟ್ಟು ನಿಂದು. ಬ್ಯಾಡ ಅನ್ನಾಕ ನಾ ಯಾರು?"

ಅವಳು ಹೋದ ಮೇಲೆ ಖೈರುನ್ನೀಸಾ ಅಮ್ಮಿ ಮಲಗುತ್ತಿದ್ದ ಮೂಲೆಯಲ್ಲಿ ಕೂತು ಮೊದಲ ಸಲ ಅತ್ತಳು... ತುಂಬಾ ಹೊತ್ತು ಅತ್ತಳು.

ತಲೆಯೆತ್ತಿದಾಗ ಹೊಸ್ತಿಲಾಚೆ, ಬೀದಿಯಲ್ಲೇ, ಜಿಲಾನಿ ನಿಂತಿದ್ದ.

"ಒಳಗ ಬರಲೇನು?"

ಅವಳು ಬಾ ಎನ್ನಲಿಲ್ಲ, ಬೇಡವೆನ್ನಲೂ ಇಲ್ಲ. "ನೀವು ನನಗ ಮೋಸ ಮಾಡೀರಿ. ಅದನ್ನ ನಾ ಲಗೂನ ಮರೆಯೂದಿಲ್ಲ."

"ಗೊತ್ತು. ನೀ ಸತ್ತರ ನಾ ಹೆಂಗಿರಲಿ ಅಂತ ನಂದಷ್ಟೇ ಯೋಚನಿ ಮಾಡಿದೆ. ಹೊರಗ ಬಂದಮ್ಯಾಲ ನೀ ಹೆಂಗಿರ್ತಿ ಅಂತ ವಿಚಾರ ಮಾಡಲಿಲ್ಲ. ನನಗ ಧೈರ್ಯ ಇರಲಿಲ್ಲ, ಖೈರೂ. ಕೇಳಿದ್ದರ ನೀ ಒಲ್ಲೆ ಅಂತಿದ್ದಿ."

"ನಿಮ್ಮ ಮುಖಾನೇ ನನಗ ಗುರುತಾಗವಲ್ದು."

"ನೋಡ್ತಾ ನೋಡ್ತಾ ಆಗ್ತೈತಿ. ಆಗಲಿಲ್ಲ ಅಂದರ... ಹೇಳು, ಹೋಗ್ತೀನಿ."

ಅವನ ಮೊಣಕಾಲು ನಡುಗುತ್ತಿದ್ದುದನ್ನು ಅವಳು ನೋಡಿದಳು. ಅಮ್ಮಿಯನ್ನು ಬಳ್ಳಾರಿಗೆ ಹೊತ್ತ ಕಾಲು.

"ಅಮ್ಮೀನ ಎಲ್ಲಿಟ್ಟೀರಿ?"

"ಹೊಳಿ ಕಡೆ. ಬೇವಿನ ಗಿಡದ ಬುಡಕ್ಕ."

"ಕರಕೊಂಡು ಹೋಗ್ರಿ." ಅವಳು ಎದ್ದು ಕಣ್ಣೊರೆಸಿಕೊಂಡಳು. "ಅಲ್ಲೀತನ ನಡಿಯಾಕ ಆಗ್ತೈತೇನು ನಿಮಗ? ಸುಳ್ಳು ಹೇಳಬ್ಯಾಡ್ರಿ."

'ಆಗ್ತೈತಿ' ಎನ್ನಲು ಬಾಯಿ ತೆರೆದವನು ಮುಚ್ಚಿದ. ಆಮೇಲೆ ಮೆಲ್ಲಗೆ ಹೇಳಿದ.

"ಆಗೂದಿಲ್ಲ, ಖೈರೂ."

ಅವಳು ಹೊಸ್ತಿಲು ದಾಟಿ ಬಂದು ಅವನ ತೋಳನ್ನು ತನ್ನ ಹೆಗಲ ಮೇಲೆ ಹಾಕಿಕೊಂಡಳು.

"ಹಂಗಾರ ಭಾರ ನನ್ನ ಮ್ಯಾಲ ಬಿಡ್ರಿ. ನಿಧಾನಕ್ಕ ಹೋಗೂಣು."