ಬೀದಿಗೆ ಗೊತ್ತಾಗದಂತೆ

ಇಸಕ್ಕಿಪಾಂಡಿಗೆ ಸಿಟ್ಟಿದ್ದದ್ದು ಜೈಲಿನ ಮೇಲಲ್ಲ, ಅನ್ಯಾಯದ ಮೇಲೆ. ತನ್ನ ಮರಳು ಲಾರಿ ತಡೆದ ಗುಮಾಸ್ತನೊಬ್ಬನನ್ನು ಅವನು ಗೋದಾಮಿಗೆ ಕರೆಸಿ, ಬಾಗಿಲು ಹಾಕಿ, ಮರ್ಯಾದೆಯಿಂದ ಹೊಡೆದಿದ್ದ. ಅಷ್ಟಕ್ಕೇ ಗೂಂಡಾ ಕಾಯ್ದೆ ಬಿತ್ತು. ಅದರಲ್ಲಿ ವಿಚಾರಣೆಯಿಲ್ಲ, ಜಾಮೀನಿಲ್ಲ. ಮುಂದೆ ಏನಾದರೂ ಮಾಡಿಯಾನು ಎಂಬ ಗುಮಾನಿಗೇ ಒಂದು ವರ್ಷ ಒಳಗೆ. ಪಾಳಯಂಕೋಟೆ ಜೈಲಿನ ಸಾಂಬಾರಿಗೆ ನಾಲಿಗೆ ಒಗ್ಗುವ ಹೊತ್ತಿಗೆ ಹೈಕೋರ್ಟು ಆ ಆದೇಶವನ್ನು ರದ್ದು ಮಾಡಿತು.

ಯಾಕೆಂದು ವಕೀಲ ಸ್ಟಾನಿಸ್ಲಾಸ್ ಬಿಡಿಸಿ ಹೇಳಿದರು. “ನೋಡಿ ಅಣ್ಣಾಚಿ, ಒಬ್ಬನಿಗೆ ಹೊಡೆದ್ರೆ ಅದು ಬರೀ ಕೇಸು. ಜಾಮೀನು ತಗೊಂಡು ಸಂಜೆಗೆ ಮನೆ ಸೇರ್ಬೋದು. ಅದ್ರಿಂದ ಊರೇ ಕದಡ್ತು, ಅಂಗಡಿ ಮುಚ್ತು, ಬಸ್ಸು ನಿಂತ್ವು ಅಂದ್ರೆ ಮಾತ್ರ ಗೂಂಡಾ ಆಕ್ಟು. ನೀವು ಬಾಗ್ಲು ಹಾಕ್ಕೊಂಡು ಹೊಡೆದ್ರಲ್ಲ, ಅದೇ ನಿಮ್ಮನ್ನ ಉಳಿಸ್ತು.”

“ಅಂದ್ರೆ ಬಾಗ್ಲು ಹಾಕಿದ್ರೆ ತಪ್ಪಿಲ್ಲ.”

“ನಾನು ಹಾಗಂದ್ನಾ?” ಎಂದು ವಕೀಲರು ಕರಿಕೋಟು ಮಡಚಿದರು.

ಇಸಕ್ಕಿಪಾಂಡಿಗೆ ಕಾನೂನಿನ ಮೇಲೆ ಗೌರವ ಹುಟ್ಟಿದ್ದು ಅಂದೇ. ಬೀದಿಗೆ ಗೊತ್ತಾಗದಂತೆ ಮಾಡಿದರೆ ಕಾನೂನು ಮನುಷ್ಯನ ಜೊತೆ ಸಭ್ಯವಾಗಿಯೇ ನಡೆದುಕೊಳ್ಳುತ್ತದೆ ಎಂದು ಅವನಿಗೆ ಮನವರಿಕೆಯಾಯಿತು.

ಹೊಡೆದ ಕೇಸು ಇನ್ನೂ ಉಳಿದಿತ್ತು. ಅದಕ್ಕೆ ಇದ್ದವನು ಒಬ್ಬನೇ ಸಾಕ್ಷಿ, ಆ ದಿನ ಗೋದಾಮಿಗೆ ಸುಣ್ಣ ಬಳಿಯುತ್ತಿದ್ದ ಪೇಚಿಮುತ್ತು. ಅವನು ಬಾಯಿ ಬಿಟ್ಟರೆ ಶಿಕ್ಷೆ ಖಂಡಿತ, ಆವಣಿ ತಿಂಗಳಲ್ಲಿ ಮಗಳ ಮದುವೆ. ಮಗಳೆಂದರೆ ಇಸಕ್ಕಿಪಾಂಡಿಗೆ ಪ್ರಾಣ. ಹೆಂಡತಿ ಮಾರಿಸೆಲ್ವಿ ಮೊದಲೇ ಹೇಳಿಬಿಟ್ಟಿದ್ದಳು: “ಇನ್ನೊಂದ್ಸಲ ಒಳಗೆ ಹೋದ್ರೆ ನಿಮಗೋಸ್ಕರ ಮುಹೂರ್ತ ಮುಂದೆ ಹಾಕಲ್ಲ. ನಮ್ಮಣ್ಣ ನಿಂತು ಧಾರೆ ಎರೀತಾನೆ.” ಆ ಭಾವಮೈದುನನ ಮುಖ ನೆನೆದಾಗಲೆಲ್ಲ ಅವನ ಯೋಜನೆ ಇನ್ನಷ್ಟು ಚೊಕ್ಕವಾಗುತ್ತಿತ್ತು.

ಪೇಚಿಮುತ್ತುವಿನ ಹೆಂಡತಿ ಮಗಳ ಬಾಣಂತನಕ್ಕೆ ಹೋಗಿದ್ದಳು, ಹಾಗಾಗಿ ಗಂಡ ಕಾಣೆಯೆಂದು ಠಾಣೆಗೆ ಓಡುವವರಿಲ್ಲ. ಊರಾಚೆ ಹೆದ್ದಾರಿ ಪಕ್ಕದ ಇಸಕ್ಕಿಪಾಂಡಿಯ ನಿಂಬೆ ತೋಟದಲ್ಲಿ ಪಂಪ್‌ಸೆಟ್ ಕೋಣೆಯಿತ್ತು; ಮೋಟಾರು ಹಾಕಿದರೆ ಒಳಗೆ ಕೂಗಿದ್ದು ಹೊರಗೆ ಕೇಳದು. ಹೊಡೆಯುವಂತಿಲ್ಲ, ಬೈಯುವಂತಿಲ್ಲ. ಸಾಕ್ಷಿ ಹೇಳುವ ದಿನದವರೆಗೆ ಕೂರಿಸಿಕೊಂಡು, ಉಣ್ಣಿಸಿ, ಮನಸ್ಸು ತಿರುಗಿಸುವುದು. ಆಮೇಲೆ ಅವನು ದೂರು ಕೊಟ್ಟರೂ ಇಬ್ಬರ ನಡುವಿನ ಜಗಳ, ಸಂಜೆಗೆ ಜಾಮೀನು. ಆಳುಗಳಿಗೆಲ್ಲ ರಜೆ ಕೊಟ್ಟು, ತೋಟದ ಮನೆಗೆ ಸುಣ್ಣ ಬಳಿಯಬೇಕೆಂದು ಹೇಳಿ ಕರೆಸಿ, ಪೇಚಿಮುತ್ತುವನ್ನು ಪಂಪ್‌ಸೆಟ್ ಕೋಣೆಗೆ ಕಳಿಸಿ, ಅವನ ಸೈಕಲ್ಲನ್ನು ತಾನೇ ಒಳಗೆ ತಳ್ಳಿ ಚಿಲಕ ಹಾಕಿದ. ಮಧ್ಯಾಹ್ನ ಬಿಸಿ ಪರೋಟವನ್ನೂ ತಾನೇ ತಂದುಕೊಟ್ಟ.

“ಬಿಡಿ ಅಣ್ಣಾಚಿ, ನಾಳೆ ಬೆಳಿಗ್ಗೆ ಕೆಲ್ಸ ಇದೆ.”

“ಗೋಡೆ ಎಲ್ಲಿಗೂ ಓಡೋಗಲ್ಲ. ತಿನ್ನು.”

“ನಾ ಕಾಣ್ಲಿಲ್ಲ ಅಂದ್ರೆ ಹುಡುಕ್ಕೊಂಡು ಬರ್ತಾರೆ.”

“ಯಾರೋ ಬರೋರು? ನಿನ್ ಹೆಂಡ್ತಿನೇ ಊರಲ್ಲಿಲ್ಲ.”

“ಎಲ್ರೂ ಬರ್ತಾರೆ,” ಎಂದು ಪೇಚಿಮುತ್ತು ಪರೋಟ ಮುರಿದ. ಜಂಬವಿರಲಿಲ್ಲ, ಇದ್ದದ್ದನ್ನು ಹೇಳಿದ ಹಾಗಿತ್ತು. ಇಸಕ್ಕಿಪಾಂಡಿ ಹೊಟ್ಟೆ ಹಿಡಿದುಕೊಂಡು ನಕ್ಕ. ಹೆದರಿಕೆಗೆ ಬಡವನ ತಲೆ ಕೆಟ್ಟಿದೆ ಎಂದು ಪಾಪವೂ ಅನಿಸಿ, ಇನ್ನೆರಡು ಪರೋಟ ತಂದುಕೊಟ್ಟ.

ಮರುದಿನ ಬೆಳಿಗ್ಗೆ ಗೇಟಿನ ಕಡೆಯಿಂದ ಗದ್ದಲ ಕೇಳಿಸಿತು. ಹೊರಬಂದು ನೋಡಿದರೆ ಹೆದ್ದಾರಿ ತುಂಬ ಜನ. ತಿರುನೆಲ್ವೇಲಿ ಬಸ್ಸುಗಳು ಆಚೆ, ರಾಜಪಾಳಯದ ಬಸ್ಸುಗಳು ಈಚೆ ನಿಂತುಬಿಟ್ಟಿದ್ದವು. ಅತ್ತ ಊರ ಬಜಾರಿನಲ್ಲಿ ಅಂಗಡಿಗಳ ಬಾಗಿಲು ಬೀಳುತ್ತಿದ್ದವು, ಒಂದು ಬಸ್ಸಿನ ಗಾಜು ಆಗಲೇ ಚೂರಾಗಿತ್ತು. ಪೇಚಿ ಕಾಣೆಯೆಂದರೆ ಯಾರ ಗೇಟು ಬಡಿಯಬೇಕೆಂದು ಊರಿಗೆ ಯಾರೂ ಹೇಳಿಕೊಡಬೇಕಿರಲಿಲ್ಲ. ಗದ್ದಲ ಕೇಳಿ ಬಂದ ಇನ್ಸ್‌ಪೆಕ್ಟರ್ ಪಂಪ್‌ಸೆಟ್ ಕೋಣೆಯ ಚಿಲಕ ತೆಗೆಸಿದರು.

“ಸಾರ್, ಇದು ನಮ್ಮಿಬ್ರ ಖಾಸಗಿ ವಿಷ್ಯ,” ಎಂದ ಇಸಕ್ಕಿಪಾಂಡಿ, ವಕೀಲನಂತೆ.

“ಹೌದಾ? ಅಷ್ಟು ಜನಕ್ಕೂ ನೀನೇ ಹೋಗಿ ಹೇಳು,” ಎಂದು ಇನ್ಸ್‌ಪೆಕ್ಟರ್, ನಿಂತ ಬಸ್ಸುಗಳ ಫೋಟೋವನ್ನು ಎಲ್ಲ ಕಡೆಯಿಂದಲೂ ತೆಗೆಯಲು ಪೇದೆಗೆ ಹೇಳಿದರು. ಬಹಳ ದಿನಗಳ ನಂತರ ಅವರ ಮುಖದಲ್ಲಿ ನಗು ಕಂಡಿತು.

ಆಗ ಇಸಕ್ಕಿಪಾಂಡಿ ಜನರನ್ನು ಸರಿಯಾಗಿ ನೋಡಿದ. ಹೆಚ್ಚಿನವರು ಹೆಂಗಸರು, ಎಲ್ಲರ ಸೊಂಟದಲ್ಲೂ ಖಾಲಿ ಕೊಡ. “ಪೇಚಿ, ಬಾರಪ್ಪಾ! ನಮ್ ಬೀದಿಗೆ ಮೊದ್ಲು ಬಿಡು!” ಎಂದು ಒಬ್ಬಳು ಕೂಗಿದಳು. ಸುಣ್ಣದ ಕೆಲಸವಿಲ್ಲದಾಗ ಪೇಚಿಮುತ್ತು ಹೊಟ್ಟೆಪಾಡಿಗೆ ಏನು ಮಾಡುತ್ತಿದ್ದಾನೆ ಎಂದು ಅವನು ಯಾರನ್ನೂ ಕೇಳಿರಲಿಲ್ಲ. ತೋಟದಲ್ಲಿ ಸ್ವಂತ ಬೋರ್‌ವೆಲ್ ಇದ್ದವನಿಗೆ ನಲ್ಲಿ ಮುಂದೆ ಕಾಯುವ ಸಂದರ್ಭವೂ ಬಂದಿರಲಿಲ್ಲ. ಆ ಬೆಳಿಗ್ಗೆ ಊರಿಗೆ ವಾರಕ್ಕೊಮ್ಮೆ ನೀರು ಬಿಡುವ ಸರದಿಯಾಗಿತ್ತು, ಟ್ಯಾಂಕಿನ ವಾಲ್ವು ತಿರುಗಿಸಿ ನೀರು ಬಿಡುವವನು ಪೇಚಿಮುತ್ತು.