ಹೆಡ್ವಿಗ್‌ಳ ದನಿ

"ನಿಲ್ಸಿ! ಹೆಡ್ವಿಗ್ ಹೀಗೆ ಮಾತಾಡ್ತಿರ್ಲಿಲ್ಲ!"

ಸ್ಟುಡಿಯೋದ ಗಾಜಿನ ಆಚೆಯಿಂದ ಲೋಥಾರ್ ಕೂಗಿದಾಗ ವೀಬ್ಕೆಗೆ ಮೈಯೆಲ್ಲ ಉರಿದುಹೋಯಿತು. ಹ್ಯಾಂಬರ್ಗ್ ರೇಡಿಯೋ ನಾಟಕಗಳಲ್ಲಿ ಐದು ವರ್ಷದಿಂದ ಹೆಸರು ಮಾಡಿದವಳು ಅವಳು. ಯುದ್ಧದಲ್ಲಿ ಜರ್ಮನಿಯ ಕೈತಪ್ಪಿದ ಬ್ರೆಸ್ಲೌ ಊರಿನಿಂದ ಓಡಿಬಂದ ಈ ತೇಪೆ ಕೋಟಿನ ಲೇಖಕ ಮೊದಲ ದಿನವೇ ತಪ್ಪು ಹಿಡಿಯುವುದೇ!

ಮೂರು ವಾರದ ತಾಲೀಮಿನಲ್ಲಿ ಆ ಉರಿ ಬೇರೆಯೇ ಆಯಿತು. ನಾಟಕದ ಹೆಡ್ವಿಗ್ ಲೋಥಾರ್‌ನ ಹೆಂಡತಿ. ಯುದ್ಧದ ಕೊನೆಯ ಚಳಿಗಾಲದಲ್ಲಿ ಊರು ಬಿಟ್ಟು ಬರುವಾಗ ಹಿಮದ ದಾರಿಯಲ್ಲೇ ಸತ್ತವಳು. ಅವಳ ಮಾತು ಬಂದಾಗಲೆಲ್ಲ ಅವನ ಮುಖ ಅರಳುತ್ತಿತ್ತು... ಆಡುತ್ತಿದ್ದವಳು ವೀಬ್ಕೆ, ಅವನು ಕೇಳುತ್ತಿದ್ದುದು ಹೆಡ್ವಿಗ್‌ಳನ್ನು!

'ಏನೇ ಹೆಡ್ವಿಗ್, ಏಳು ವರ್ಷವಾದರೂ ಜಾಗ ಬಿಡೋದಿಲ್ವಾ?' ವೀಬ್ಕೆ ತನ್ನಷ್ಟಕ್ಕೇ ಗೊಣಗಿದಳು.

ಹಿಮದ ಸದ್ದಿಗೆಂದು ಆಲೂಗಡ್ಡೆ ಹಿಟ್ಟಿನ ಚೀಲ ಹಿಸುಕುತ್ತಿದ್ದ ಮುದುಕ ಹಿನ್ನೆರ್ಕ್ ಕಣ್ಣು ಮಿಟುಕಿಸಿದ. "ಸತ್ತವಳ ಮೇಲೆ ಜಿದ್ದಾ, ತಾಯೀ? ಅವಳಿಗೆ ವಯಸ್ಸೂ ಆಗಲ್ವಲ್ಲ!"

ಕೊನೆಯ ದಿನ ಧ್ವನಿಮುದ್ರಣ. ವೀಬ್ಕೆ ಹೆಡ್ವಿಗ್‌ಳನ್ನು ಬೇಕೆಂದೇ ಬದಿಗೊತ್ತಿ, ತನ್ನದೇ ಎದೆಯಿಂದ ಹೇಳಿದಳು:

"ನನ್ನ ಕೈ ಬಿಡಬೇಡ!"

ಲೋಥಾರ್ ಎದ್ದು ಹೊರಟೇ ಹೋದ. ವೀಬ್ಕೆ ಅವನ ಹಿಂದೆಯೇ ಓಡಿದಳು.

ಮೆಟ್ಟಿಲ ಮೇಲೆ ಕೂತಿದ್ದ ಅವನ ಕಣ್ಣು ಒದ್ದೆಯಾಗಿತ್ತು.

"ಅಷ್ಟು ಕೆಟ್ಟದಾಗಿತ್ತಾ?"

"ಚೆನ್ನಾಗಿತ್ತು... ಅದೇ ಭಯ. ಈಗ ಹೆಡ್ವಿಗ್‌ಳನ್ನ ನೆನೆಸಿಕೊಂಡ್ರೆ ನಿಮ್ಮ ದನಿಯೇ ಕೇಳ್ಸುತ್ತೆ. ಊರು ಹೋಯ್ತು, ಒಂದು ಫೋಟೋನೂ ಉಳೀಲಿಲ್ಲ. ನನ್ನ ಹತ್ರ ಇದ್ದದ್ದು ಅವಳ ದನಿ ಒಂದೇ."

ಗೆದ್ದೆ! ವೀಬ್ಕೆಯ ಮನಸ್ಸು ಕುಣಿಯಿತು. ಮರುಕ್ಷಣವೇ ಅವಳಿಗೆ ತನ್ನ ಮೇಲೇ ಹೇಸಿಗೆಯಾಯಿತು.

"ಬೇಕಂತಲೇ ಮಾಡ್ದೆ," ಅವಳು ಒಪ್ಪಿಕೊಂಡಳು. "ಹೊಟ್ಟೆಕಿಚ್ಚಿಗೆ. ನಿಮ್ಮನ್ನ ಅಷ್ಟು ಪ್ರೀತಿಸ್ತೀನಿ ನಾನು..."

ಅವನು ತಲೆ ಎತ್ತಿ ಅವಳನ್ನೇ ನೋಡಿದ.

ಅವಳು ಪಕ್ಕದಲ್ಲಿ ಕೂತಳು. "ಬನ್ನಿ, ಮತ್ತೆ ಮುದ್ರಿಸೋಣ. ಅದಕ್ಕೆ ಮುಂಚೆ ಹೇಳಿಕೊಡಿ... ಅವಳು ಹೇಗೆ ಹೇಳ್ತಿದ್ಲು?"

ಲೋಥಾರ್ ಅದೇ ಮಾತನ್ನು ಬ್ರೆಸ್ಲೌದ ರಾಗದಲ್ಲಿ ಎಳೆದೆಳೆದು ಹೇಳಿದ. ವೀಬ್ಕೆ ಹಾಗೇ ಹೇಳಲು ಹೋಗಿ ತಡವರಿಸಿದಳು. ಅವನು ಮೊಟ್ಟಮೊದಲ ಸಲ ಜೋರಾಗಿ ನಕ್ಕುಬಿಟ್ಟ!

"ಹಾಗಲ್ಲ!"

"ಮತ್ತೆ ಹೇಳಿಕೊಡಿ. ಬರೋವರೆಗೂ ಬಿಡಲ್ಲ."

ಸುಮಾರು ಹತ್ತನೇ ಸಲಕ್ಕೆ ಅವನ ನಗು ನಿಂತಿತು. ಅವನು ಕಣ್ಣು ಮುಚ್ಚಿ ಕೇಳಿದ. "ಇದೇ... ಇದು ಅವಳೇ."

ವೀಬ್ಕೆಗೆ ಈ ಸಲ ನೋಯಲಿಲ್ಲ ಎಂದರೆ ಸುಳ್ಳು. ಆದರೂ ಅವಳು ಎದ್ದಳು. "ಒಳಗೆ ಹೋಗೋಣ್ವಾ?"

ಅವನು ಅವಳ ಕೈ ಹಿಡಿದ.

"ಅವಳ ಮಾತು ಅವಳ ಹಾಗೇ ಹೇಳು, ವೀಬ್ಕೆ. ಆದ್ರೆ ಆಗ್ಲೇ ಒಂದು ಮಾತು ಅಂದೆಯಲ್ಲ, ಪ್ರೀತಿಸ್ತೀನಿ ಅಂತ... ಅದನ್ನ ನಿನ್ನ ದನಿಯಲ್ಲೇ ಇನ್ನೊಂದ್ಸಲ ಹೇಳ್ತೀಯಾ?"