ಓದದೆ ಹೊಲಿದ ಪುಟಗಳು

ಮೈದಾ ಅಂಟು ಕುದಿಯುವ ವಾಸನೆ ಬಂದರೆ ಅವಳಿಗೆ ಅಪ್ಪನ ಮಡಿಲು ನೆನಪಾಗುತ್ತಿತ್ತು. ಅಲ್ಲಿ ಕುಳಿತೇ ಅವಳು ಪುಸ್ತಕ ಹೊಲಿಯಲು ಕಲಿತದ್ದು. "ನಾವು ಹೊಲಿಯೋರು ಮಗಳೇ, ಬೇರೆಯವರು ಬರೆದಿದ್ದನ್ನ ಓದಬಾರದು," ಎನ್ನುತ್ತಿದ್ದರು ಅಪ್ಪ.

ಅಪ್ಪನ ನಂತರ ಬೈಂಡಿಂಗ್ ಅಂಗಡಿ ಅವಳದಾಯಿತು. ಒಂದು ದಿನ ಅವನು ಬಂದ. ಮನೆಗಳ ನಕ್ಷೆ ಬರೆಯುವವನು. ಕೈಯಲ್ಲಿ ಬಿಡಿ ಹಾಳೆಗಳ ಕಟ್ಟು.

"ಓದಲ್ಲ ತಾನೆ?"

"ನಮ್ಮಲ್ಲಿ ಆ ಪದ್ಧತಿ ಇಲ್ಲ."

"ಅದಕ್ಕೇ ನಿಮ್ಮ ಹತ್ರ ಬಂದೆ..."

ಹಾಗೆಂದು ಅವನು ನೋಡಿದ ನೋಟಕ್ಕೆ ಸೂಜಿ ಬೆರಳಿಗೆ ಚುಚ್ಚಿತು. ವರ್ಷದೊಳಗೆ ಮದುವೆ!

ಅವಳ ಕನ್ನಡಕ ಆಗಾಗ ಕಳೆದುಹೋಗುತ್ತಿತ್ತು. ಅದಿಲ್ಲದೆ ತಲೆ ಸಿಡಿಯುವ ಮೊದಲೇ ಅವನು ಮಾತ್ರೆ ಹಿಡಿದು ನಿಂತಿರುತ್ತಿದ್ದ. 'ಇಂಥ ಗಂಡ ಯಾರಿಗೆ ಸಿಗ್ತಾನೆ?' ಎಂದು ಹಿಗ್ಗುತ್ತಿದ್ದಳು. "ನಿಮ್ಮಕ್ಕ ನಿನ್ನನ್ನ ದಡ್ಡಿ ಅಂತಾಳೆ ಕಣೇ," ಎಂದು ಅವನು ನೊಂದು ಹೇಳಿದಾಗ ಅಕ್ಕನ ಮನೆಗೆ ಹೋಗುವುದನ್ನೇ ಬಿಟ್ಟಳು. ಅವನ ಹಾಳೆಗಳನ್ನು ಮಾತ್ರ ತಪ್ಪದೆ ಹೊಲಿದುಕೊಟ್ಟಳು. ಏಳು ಸಂಪುಟ!

ಒಂದು ಸಂಜೆ ಮನೆಯಲ್ಲಿ ಎಂಟನೆಯ ಕಟ್ಟು ಕೈಜಾರಿ ಚೆಲ್ಲಾಪಿಲ್ಲಿಯಾಯಿತು. ಪುಟಸಂಖ್ಯೆ ಇರಲಿಲ್ಲ. ದಿನಾಂಕ ನೋಡಿ ಜೋಡಿಸೋಣವೆಂದು ಬಗ್ಗಿದಳು. ಕಣ್ಣು ಸಾಲುಗಳ ಮೇಲೆ ಬಿತ್ತು.

"ಕನ್ನಡಕ ಬಚ್ಚಿಟ್ಟೆ. ಸಂಜೆಗೆ ತಲೆನೋವು ಬರುತ್ತದೆ. ಮಾತ್ರೆ ತರಬೇಕು."

"ಅಕ್ಕ ಬೈದಳೆಂದು ಸುಳ್ಳು ಹೇಳಿದೆ. ನಂಬಿದಳು. ಇನ್ನು ಅಂಗಡಿ ಮುಚ್ಚಿಸಬೇಕು. ಆಮೇಲೆ ಅವಳಿಗೆ ನಾನೊಬ್ಬನೇ."

ಅವನ ಕಪಾಟಿನತ್ತ ಓಡಿದಳು. ಮೊದಲ ಸಂಪುಟ ತೆರೆದಳು. ಅದರಲ್ಲೂ ಅವಳೇ... ಅವನು ಅಂಗಡಿಗೆ ಬರುವುದಕ್ಕಿಂತ ಎರಡು ವರ್ಷ ಹಿಂದಿನಿಂದ!

'ಅಯ್ಯೋ! ನನ್ನನ್ನ ನಾನೇ ಹೊಲಿದು ಕೊಟ್ಟೆನಲ್ಲ...'

"ಓದಿದೆಯಾ?" ಬಾಗಿಲಲ್ಲಿ ಅವನು. ಮಗುವಿನಂತೆ ಬಿಕ್ಕಿದ. "ನೀನಿಲ್ದೆ ನಾನು ಖಾಲಿ ಕಣೇ. ಇದು ಪ್ರೀತಿ ಅಲ್ವಾ?"

ಅಪ್ಪಿಕೊಳ್ಳಲು ಅವಳ ಕೈ ತಾನಾಗಿ ಎದ್ದಿತು. ಆ ಕೈಯನ್ನು ಕಂಡೇ ಅವಳಿಗೆ ಎಲ್ಲಕ್ಕಿಂತ ಹೆಚ್ಚು ಭಯವಾಯಿತು!

"ನಿಮಗೆ ಹುಷಾರಿಲ್ಲ. ಡಾಕ್ಟರ ಹತ್ರ ಹೋಗಿ... ನಾನು ಔಷಧಿ ಅಲ್ಲ."

ಚಪ್ಪಲಿ ಮೆಟ್ಟಿ ಹೊರಟೇಬಿಟ್ಟಳು.

ಅಕ್ಕನ ಬಾಗಿಲ ಮುಂದೆ ಬಹಳ ಹೊತ್ತು ನಿಂತಳು. ಕೊನೆಗೆ ಅಕ್ಕನೇ ತೆರೆದಳು.

"ಅಕ್ಕಾ... ನೀನು ನನ್ನ ಬೈದೇ ಇರ್ಲಿಲ್ವಂತೆ."

"ಈಗ ಬೈತೀನಿ ಬಾ, ಕೋತಿ! ಮನೆ ದಾರಿ ಸಿಗೋಕೆ ಇಷ್ಟು ದಿನ ಬೇಕಾಯ್ತಾ?" ಅಕ್ಕ ಅವಳ ಕೈಹಿಡಿದು ಒಳಗೆಳೆದಳು.

ಒಳಗೆ ಭಾವ ಆಗಷ್ಟೇ ಊಟಕ್ಕೆ ಕುಳಿತಿದ್ದರು. ಅವಳನ್ನು ನೋಡಿದರು. ಇನ್ನೂ ಮುಟ್ಟಿರದ ತಮ್ಮ ತಟ್ಟೆಯನ್ನು ಮೆಲ್ಲನೆ ಎತ್ತಿ ಅವಳ ಕೈಗಿಟ್ಟರು.